ಕಥೆಯೇ ಇಲ್ಲದೆ ಮಂಗಳೂರಿನ ಒಂದು ದಿನವನ್ನು ಸಿನಿಮಾ ಮಾಡಬಹುದಾ?

ಖಂಡಿತ ಮಾಡಬಹುದು. ನಾಯಕ, ಮಾತು ಏನೂ ಇಲ್ಲದೆ ಊರಿನ ದಿನಚರಿಯನ್ನೇ ತೋರಿಸುವ ಚಿತ್ರಗಳು 1920ರ ದಶಕದಲ್ಲೇ ಬಂದಿವೆ. ಅವನ್ನು ಸಿಟಿ ಸಿಂಫನಿ ಅಂತಾರೆ. 1927ರಲ್ಲಿ ಜರ್ಮನಿಯ ನಿರ್ದೇಶಕ ವಾಲ್ಟರ್ ರುಟ್‌ಮನ್ ಬರ್ಲಿನ್ ನಗರವನ್ನು ನಸುಕಿನಿಂದ ರಾತ್ರಿವರೆಗೆ ಹೀಗೇ ತೋರಿಸಿದರು. ಕಥೆ ಮಾಡುವ ಕೆಲಸವನ್ನು ಅಲ್ಲಿ ಎಡಿಟಿಂಗ್ ಮಾಡುತ್ತದೆ.

ಆದರೆ ಎಡಿಟಿಂಗ್‌ಗಿಂತ ಮೊದಲು ಕ್ಯಾಮೆರಾ ಅಲ್ಲಾಡಿಸದೆ ನೋಡುವುದನ್ನು ಕಲಿಯಿರಿ. ಸಿನಿಮಾದ ಆರಂಭದ ದಿನಗಳಲ್ಲಿ ಫ್ರಾನ್ಸಿನ ಲೂಮಿಯೇರ್ ಸಹೋದರರು 1895ರಲ್ಲಿ ತೋರಿಸಿದ ಚಿತ್ರಗಳು ಸುಮಾರು 50 ಸೆಕೆಂಡಿನವು. ಅದೇ ಅಳತೆ ಸಾಕು. ಬೆಳಿಗ್ಗೆ ಬಂದರಿನ ಮೀನಿನ ದಕ್ಕೆಗೆ ಹೋಗಿ, ಮೊಬೈಲನ್ನು ಒಂದು ಕಡೆ ಇಟ್ಟು 50 ಸೆಕೆಂಡ್ ಸುಮ್ನೆ ಬಿಡಿ. ಮೊದಲು ಬರೀ ಗಲಾಟೆ. ಆಮೇಲೆ ಒಂದು ಕೈ ಕಾಣುತ್ತದೆ: ಬಂಗುಡೆ ಮೇಲೆ ಐಸ್ ಎರಚಿ, ಒದ್ದೆ ನೋಟನ್ನು ಸೆರಗಿಗೆ ಒರೆಸಿ ಸೊಂಟಕ್ಕೆ ಸಿಕ್ಕಿಸುವ ಕೈ. ನನಗೆ ಅದಕ್ಕಿಂತ ದೊಡ್ಡ ದೃಶ್ಯ ಬೇಡ.

ಶಬ್ದವನ್ನು ಬೇರೆಯಾಗಿ ಹಿಡಿಯಿರಿ. ಸ್ಟೇಟ್‌ಬ್ಯಾಂಕ್ ಬಸ್‌ಸ್ಟ್ಯಾಂಡಿನ ಕಂಡಕ್ಟರ್ ಸೀಟಿ, 'ರೈಟ್, ಪೋಯಿ' (ತುಳುವಿನಲ್ಲಿ 'ಹೋಗೋಣ') ಅನ್ನುವ ಕೂಗು. ಅದನ್ನು ನದಿಯಾಚೆಯ ಬೆಂಗ್ರೆಗೆ ಹೊರಡುವ ದೋಣಿಯ ದೃಶ್ಯಕ್ಕೆ ಜೋಡಿಸಿ ನೋಡಿ. ದೋಣಿಯೂ ಬಸ್ಸೂ ಒಂದೇ ಊರಿನ ಅವಸರ ಅಲ್ವಾ!

ಯಾರದ್ದಾದರೂ ಮುಖ ಹತ್ತಿರದಿಂದ ತೆಗೆಯುವುದಿದ್ದರೆ ಮೊದಲು ಕೇಳಿ.