ಈ ಐಡಿಯಲ್ ಎಲ್ಲ ಎಂತಕ್ಕೆ ಸರ್?

ಪ್ರಶ್ನೆ: ನಾನು ಬಿ.ಎಸ್ಸಿ. ಓದುತ್ತಿದ್ದೇನೆ. ಗಣಿತದಲ್ಲಿ ರಿಂಗ್, ಐಡಿಯಲ್ ಪಾಠ ಶುರುವಾಗಿದೆ. ಡೆಫಿನಿಷನ್ ಎಲ್ಲ ಬಾಯಿಪಾಠ ಆಗಿದೆ. ಆದರೆ ಇದನ್ನೆಲ್ಲ ಎಂತಕ್ಕೆ ಕಟ್ಟಿದರು ಸರ್? ಸಂಖ್ಯೆಗಳಿಗೂ ಇದಕ್ಕೂ ಸಂಬಂಧ ಇದೆಯಾ?
– ವಿದ್ಯಾರ್ಥಿನಿ, ಉಡುಪಿ

ಉತ್ತರ: ಇದೆ, ಅದೂ ತುಂಬಾ ಹತ್ತಿರದ್ದು. ಸಂಖ್ಯೆಗಳ ಲೆಕ್ಕ ಒಂದು ಕಡೆ ಕೈಕೊಟ್ಟಿತು, ಅದನ್ನು ಸರಿಮಾಡಲು ಹೋದಾಗ ಐಡಿಯಲ್ ಹುಟ್ಟಿತು. (ಪೂರ್ಣಾಂಕಗಳ ಹಾಗೆ ಕೂಡಿಸಿ, ಕಳೆದು, ಗುಣಿಸಲು ಆಗುವ ಗುಂಪು ರಿಂಗ್. ಅದರೊಳಗೆ, ತನ್ನವನ್ನು ಕೂಡಿಸಿದರೂ ರಿಂಗ್‌ನ ಯಾವುದರಿಂದ ಗುಣಿಸಿದರೂ ಹೊರಗೆ ಹೋಗದ ಗುಂಪು ಐಡಿಯಲ್; ಪೂರ್ಣಾಂಕಗಳಲ್ಲಿ ಸಮಸಂಖ್ಯೆಗಳ ಹಾಗೆ.)

12 ಅನ್ನು ಅವಿಭಾಜ್ಯಗಳಾಗಿ ಒಡೆದರೆ 2, 2, 3 ಬಿಟ್ಟು ಬೇರೇನೂ ಬರುವುದಿಲ್ಲ, ಅಲ್ವಾ? ಈಗ ಪೂರ್ಣಾಂಕಗಳ ಜೊತೆ √−5 ಅನ್ನೂ ಸೇರಿಸಿಕೊಳ್ಳಿ. ಆಗ 6 = 2 × 3, ಮತ್ತು 6 = (1+√−5)(1−√−5) ಕೂಡ ಹೌದು. ಈ ನಾಲ್ಕರಲ್ಲಿ ಯಾವುದನ್ನೂ ಅಲ್ಲಿ ಇನ್ನು ಒಡೆಯಲು ಆಗುವುದಿಲ್ಲ. ಇಲ್ಲಿನ a+b√−5 ಎಂಬ ಪ್ರತಿ ಸಂಖ್ಯೆಗೂ a²+5b² ಎಂಬ ಅಳತೆ ಇದೆ, ಸಂಖ್ಯೆಗಳನ್ನು ಗುಣಿಸಿದರೆ ಅಳತೆಗಳೂ ಗುಣಿಸಿಕೊಳ್ಳುತ್ತವೆ. ಈ ನಾಲ್ಕರ ಅಳತೆ 4, 9, 6, 6; ಇನ್ನೂ ಒಡೆಯಬೇಕಾದರೆ ಅಳತೆ 2 ಅಥವಾ 3 ಇರುವ ಸಂಖ್ಯೆ ಬೇಕು. ಪೂರ್ಣಾಂಕದ ಒಂದು ವರ್ಗಕ್ಕೆ ಇನ್ನೊಂದು ವರ್ಗದ ಐದು ಪಟ್ಟು ಕೂಡಿಸಿ ನೋಡಿ, 2 ಆಗಲಿ 3 ಆಗಲಿ ಬರುವುದೇ ಇಲ್ಲ, ಕಾರಣ ಅಷ್ಟೇ.

ಇದು ಸಣ್ಣ ತೊಂದರೆಯಲ್ಲ. 1847ರಲ್ಲಿ ಪ್ಯಾರಿಸ್‌ನ ಅಕಾಡೆಮಿಯಲ್ಲಿ ಲಾಮೆ ಎಂಬ ಗಣಿತಜ್ಞ ಫರ್ಮಾನ ಕೊನೆಯ ಪ್ರಮೇಯಕ್ಕೆ (n ಎಂಬ ಪೂರ್ಣಾಂಕ 2ಕ್ಕಿಂತ ದೊಡ್ಡದಾದರೆ xⁿ + yⁿ = zⁿ ಆಗುವ ಧನ ಪೂರ್ಣಾಂಕಗಳು ಇಲ್ಲ ಎಂಬುದಕ್ಕೆ) ಸಾಧನೆ ಸಿಕ್ಕಿತು ಎಂದರು, ಆದರೆ ಈ ಥರದ ಸಂಖ್ಯೆಗಳು ಒಂದೇ ರೀತಿ ಒಡೆಯುತ್ತವೆ ಅಂತ ಅದರಲ್ಲಿ ಸುಮ್ನೆ ನಂಬಿದ್ದರು, ಲ್ಯೂವಿಲ್ ಅದನ್ನೇ ಪ್ರಶ್ನಿಸಿದರು. ಹಾಗೆ ಯಾವಾಗಲೂ ಆಗುವುದಿಲ್ಲ ಅಂತ ಜರ್ಮನಿಯ ಕುಮ್ಮರ್ 1844ರಲ್ಲೇ ತೋರಿಸಿದ್ದರು. ದಾರಿ ತೆಗೆದವರೂ ಅವರೇ. 1871ರಲ್ಲಿ ಡೆಡೆಕಿಂಡ್ ಅದನ್ನು ಈಗ ನೀವು ಓದುವ ಐಡಿಯಲ್ ರೂಪಕ್ಕೆ ತಂದರು.

ಹೇಗೆ ಸರಿಹೋಯಿತು ನೋಡಿ. (2) ಅಂದರೆ 2ರ ಎಲ್ಲ ಅಪವರ್ತ್ಯಗಳ ಐಡಿಯಲ್; (2, 1+√−5) ಅಂದರೆ ಆ ಎರಡರ ಅಪವರ್ತ್ಯಗಳನ್ನು ಕೂಡಿಸಿ ಸಿಗುವುದೆಲ್ಲ. ಎರಡು ಐಡಿಯಲ್ ಗುಣಿಸುವುದು ಅಂದರೆ ಒಂದರ ಸಂಖ್ಯೆಗಳನ್ನು ಇನ್ನೊಂದರವುಗಳಿಂದ ಗುಣಿಸಿ, ಬಂದದ್ದನ್ನು ಕೂಡಿಸಿ ಸಿಗುವುದನ್ನೆಲ್ಲ ತೆಗೆದುಕೊಳ್ಳುವುದು. (2, 1+√−5) ಎಂಬ ಐಡಿಯಲ್ ಅನ್ನು ಅದರಿಂದಲೇ ಗುಣಿಸಿದರೆ (2) ಬರುತ್ತದೆ. (3, 1+√−5) ಮತ್ತು (3, 1−√−5) ಗುಣಿಸಿದರೆ (3) ಬರುತ್ತದೆ. ಮೊದಲನೆಯದನ್ನು ಎರಡನೆಯದರಿಂದ ಗುಣಿಸಿದರೆ (1+√−5), ಮೂರನೆಯದರಿಂದ ಗುಣಿಸಿದರೆ (1−√−5). ಅಂದರೆ 6ರ ಎರಡೂ ಒಡೆತದಲ್ಲಿ ಇರುವುದು ಅವೇ ಐಡಿಯಲ್‌ಗಳು, ಜೋಡಿಸಿದ ಕ್ರಮ ಮಾತ್ರ ಬೇರೆ! ನನಗೆ ಇಡೀ ಬೀಜಗಣಿತದಲ್ಲಿ ಇದಕ್ಕಿಂತ ಇಷ್ಟವಾದ ಲೆಕ್ಕ ಇಲ್ಲ.

1921ರಲ್ಲಿ ಎಮ್ಮಿ ನೋದರ್ ಇದೇ ವಿಚಾರವನ್ನು ಇನ್ನೂ ಎಷ್ಟೋ ಜಾಸ್ತಿ ರಿಂಗ್‌ಗಳಿಗೆ ವಿಸ್ತರಿಸಿದರು. ಫರ್ಮಾನ ಪ್ರಮೇಯವನ್ನು ಕೊನೆಗೆ ಸಾಧಿಸಿದ ವೈಲ್ಸ್, 1995ರಲ್ಲಿ ಟೇಲರ್ ಜೊತೆ ಪ್ರಕಟಿಸಿದ ಲೇಖನದ ಹೆಸರಲ್ಲೇ ರಿಂಗ್ ಇದೆ.

ಮುಂದೆ ಕೊಣಾಜೆಯಲ್ಲಿ (ಮಂಗಳೂರು ವಿಶ್ವವಿದ್ಯಾಲಯದಲ್ಲಿ) ಎಂ.ಎಸ್ಸಿ. ಮಾಡುವ ಯೋಚನೆ ಇದ್ದರೆ ಮೇಲಿನ ನಾಲ್ಕು ಗುಣಾಕಾರ ಈಗಲೇ ಕೈಯಾರೆ ಮಾಡಿ. ಆಮೇಲೆ (2, 1+√−5) ಯಾಕೆ ಪ್ರಿನ್ಸಿಪಲ್ ಐಡಿಯಲ್ (ಒಂದೇ ಸಂಖ್ಯೆಯ ಅಪವರ್ತ್ಯಗಳ ಐಡಿಯಲ್) ಅಲ್ಲ ಅಂತ ಬರೆದು ಕಳಿಸಿ, ನಾನು ನೋಡುತ್ತೇನೆ.