ಸಿನಿಮಾ ನೋಡಿ ಮಲಯಾಳಂ ಕಲಿತು ಬಾಡಿಗೆ ಮನೆ ಕಳಕೊಂಡೆ

ಕೇರಳಕ್ಕೆ ವರ್ಗವಾಗಿದೆ, ಅಲ್ಲಿನ ಜನ ಅರ್ಥವಾಗಲು ಯಾವ ಹತ್ತು ಮಲಯಾಳಂ ಸಿನಿಮಾ ನೋಡಲಿ ಅಂತ ಕೇಳಿದ್ದೀರಿ. ನಾನೂ ಹೀಗೇ ಪಟ್ಟಿ ಹಿಡಿದು ಹೋದವನು.

ನನಗೆ ಸಿಕ್ಕಿದ್ದು ಕಾಸರಗೋಡು ಜಿಲ್ಲೆಯ ಕಾಞಂಗಾಡ್. ಅದಕ್ಕೆ ಹೊಸದುರ್ಗ ಅಂತಲೂ ಹೆಸರಿದೆ. ಅಮ್ಮ ಚಿತ್ರದುರ್ಗದ ಹೊಸದುರ್ಗ ಅಂದ್ಕೊಂಡು ಖುಷಿಪಟ್ಟಿದ್ದರು! ಒಬ್ಬ ನಿವೃತ್ತ ಮೇಷ್ಟ್ರ ಮನೆಯ ಮಹಡಿ ಬಾಡಿಗೆಗೆ ಸಿಕ್ಕಿತು. ಊರಿಗೆಲ್ಲ ಅವರು 'ಮಾಷ್'.

2022ರ ಆಗಸ್ಟಿನಲ್ಲಿ 'ನ್ನಾ ತಾನ್ ಕೇಸ್ ಕೊಡ್' ಅನ್ನೋ ಸಿನಿಮಾ ಬಂತು. ಅದೇ ಜಿಲ್ಲೆಯ ಕಥೆ. ರಸ್ತೆಗುಂಡಿಯಿಂದಾಗಿ ನಾಯಿ ಕಚ್ಚಿಸಿಕೊಂಡ ಹಳೇ ಕಳ್ಳ ಮಂತ್ರಿಯನ್ನೇ ಕೋರ್ಟಿಗೆಳೆಯುತ್ತಾನೆ. 'ಥಿಯೇಟರಿಗೆ ಬರುವ ದಾರಿಯಲ್ಲಿ ಗುಂಡಿಯಿದೆ, ಆದರೂ ಬನ್ನಿ' ಅಂತ ಜಾಹೀರಾತು ಕೊಟ್ಟರು. ಆಳುವ ಪಕ್ಷದ ಬೆಂಬಲಿಗರು ಕೆರಳಿ, ಬಹಿಷ್ಕಾರದ ಮಾತೂ ಬಂತು. ನಮ್ಮ ಆಫೀಸಿನಲ್ಲಿ ವಾರವಿಡೀ ಅದೇ ಜಗಳ. ಹೊರಗಿನವನಾದ ನನ್ನ ಹತ್ತಿರ ಅಚ್ಚಿನ ಮಲಯಾಳಂ ಆಡುತ್ತಿದ್ದ ಹುಡುಗರು ಆಮೇಲೆ ಧೈರ್ಯವಾಗಿ ತಮ್ಮ ಕಡೆಯ 'ಓನ್' (ಅವನು), 'ಓಳ್' (ಅವಳು) ಶುರು ಮಾಡಿದರು. ಕಾಸರಗೋಡಿನ ಮಾತು ತೆರೆಯ ಮೇಲೆ ಅಷ್ಟು ಅಪರೂಪವಾಗಿತ್ತು.

ಆಗಲೇ ನನ್ನ ಬೈಕ್ ತಾಗಿ ಮಾಷ್ ಗೇಟಿನ ಬಣ್ಣ ಹೋಯಿತು. ಅವರು ನಗುತ್ತಲೇ ಕೇಳಿದರು. ನಾನು ಜಾಣನ ಹಾಗೆ, "ನ್ನಾ ತಾನ್ ಕೇಸ್ ಕೊಡ್" ಅಂದೆ. 'ಹಾಗಾದ್ರೆ ಕೇಸು ಹಾಕು' ಅಂತ ಅರ್ಥ.

ತಮಾಷೆ ತಪ್ಪಲ್ಲ, ಆ 'ತಾನ್' ತಪ್ಪು. ನನ್ನ ಕನ್ನಡದ ಕಿವಿಗೆ ಅದು ನಮ್ಮ 'ತಾವು' ಥರ ಕೇಳಿಸಿತ್ತು. ಅದು ಸರೀಕರಿಗೆ, ಚಿಕ್ಕವರಿಗೆ ಹೇಳುವ ಮಾತು. 'ನಿಙ್ಙಳ್' (ನೀವು) ಅಂದಿದ್ದರೂ ಎಪ್ಪತ್ತು ದಾಟಿದ ಮೇಷ್ಟ್ರಿಗೆ ಸಾಲದು. ಸಿನಿಮಾದಲ್ಲಿ ಎಲ್ಲರೂ ತಾನ್ ಅಂತಾರಲ್ಲ ಅಂದ್ಕೊಂಡಿದ್ದೆ. ಯಾರು ಯಾರಿಗೆ ಅಂತಾರೆ ಅಂತ ನೋಡಿರಲಿಲ್ಲ. ಸಬ್‌ಟೈಟಲ್ಲಿನಲ್ಲಿ ಎಲ್ಲದಕ್ಕೂ ಒಂದೇ 'ಯೂ'!

ಮಾಷ್ ಪೇಪರ್ ಮಡಚಿ ಒಳಗೆ ಹೋದರು. ಮುಂದಿನ ತಿಂಗಳು, ಮಗ ಗಲ್ಫ್‌ನಿಂದ ಬರ್ತಾನೆ, ಮನೆ ಬೇಕು ಅಂದರು. ಮಗ ಬರಲಿಲ್ಲ. 'ಬಾಡಿಗೆಗಿದೆ' ಬೋರ್ಡು ಬಂತು.

ಹತ್ತು ಸಿನಿಮಾ ಬೇಡ. ಕೇರಳ ಅನ್ನೋದು ಒಂದೇ ಊರಲ್ಲ. ನೀವು ಹೋಗುವ ಜಿಲ್ಲೆಯದು ಒಂದನ್ನೇ ಮೂರು ಸಲ ನೋಡಿ. ಮಲಪ್ಪುರಂ ಆದರೆ 'ಸುಡಾನಿ ಫ್ರಮ್ ನೈಜೀರಿಯಾ', ಕೊಚ್ಚಿಯಾದರೆ 'ಕುಂಬಳಂಗಿ ನೈಟ್ಸ್'. ನನ್ನ ಕಡೆಗಾದರೆ 'ತಿಂಗಳಾಳ್ಚ ನಿಶ್ಚಯಂ', ಕನ್ನಡದಲ್ಲೂ ಸಿನಿಮಾ ಮಾಡಿರುವ ಸೆನ್ನಾ ಹೆಗ್ಡೆಯವರದು. ಮೂರನೇ ಸಲ ಸಬ್‌ಟೈಟಲ್ ತೆಗೆದುಬಿಡಿ.

ಹೋದ ಹೊಸದರಲ್ಲಿ ದೊಡ್ಡವರಿಗೆ 'ನೀವು' ಅನ್ನೋ ಪದವನ್ನೇ ಬಳಸಬೇಡಿ. "ಮಾಷ್ ಚಾಯ ಕುಡಿಚ್ಚೋ?" (ಮೇಷ್ಟ್ರು ಚಹಾ ಕುಡಿದರಾ?) ಅನ್ನಿ, ಸಾಕು.