ಕೀ ಕೊಳ್ಳದೆ ವಿಂಡೋಸ್ ಆಕ್ಟಿವೇಟ್ ಮಾಡುವ ಆಕ್ಟಿವೇಟರ್ ಟೂಲ್ ಅನ್ನು ಆಂಟಿವೈರಸ್ ಆಫ್ ಮಾಡಿ ಹಾಕಿದ್ದೆ. ಅದನ್ನು ಡಿಲೀಟ್ ಮಾಡಿದ ಮೇಲೂ ವಿಂಡೋಸ್ ಅಪ್‌ಡೇಟ್ ಆಗುತ್ತಿಲ್ಲ, ಏನು ಮಾಡಲಿ?

ಟೂಲ್ ಡಿಲೀಟ್ ಮಾಡಿದ್ದೀರಿ, ಸರಿ. ಆದರೆ ಅದು ಒಳಗೆ ಬದಲಾಯಿಸಿದ್ದೆಲ್ಲ ಹಾಗೇ ಉಳಿದಿರುತ್ತದೆ.

ಹಾಕುವ ಮೊದಲು ಆಂಟಿವೈರಸ್ ಆಫ್ ಮಾಡಿದೆ ಅಂದಿದ್ದೀರಿ. ಅಡ್ಮಿನ್ ಅನುಮತಿಗೂ 'ಯೆಸ್' ಒತ್ತಿರುತ್ತೀರಿ, ಅಲ್ವಾ? ಕಾವಲುಗಾರನನ್ನು ಕಳಿಸಿ ಬೀಗದ ಕೈಯನ್ನೂ ಕೊಟ್ಟ ಹಾಗಾಯಿತು.

ಇಂಥ ಕಂಪ್ಯೂಟರ್ ಬಂದರೆ ನಾನು ಮೊದಲು ನೋಡುವುದು ವಿಂಡೋಸ್ ಸೆಕ್ಯುರಿಟಿಯ 'ಎಕ್ಸ್‌ಕ್ಲೂಷನ್ಸ್' ಪಟ್ಟಿ, ಅಂದರೆ ಆಂಟಿವೈರಸ್ ಸ್ಕ್ಯಾನ್ ಮಾಡದೆ ಬಿಡುವ ಜಾಗಗಳ ಪಟ್ಟಿ. ನೀವು ಸೇರಿಸದ ಫೋಲ್ಡರ್ ಅಲ್ಲಿದ್ದರೆ ತೆಗೆಯಿರಿ. ಕೆಲವೊಮ್ಮೆ ಇಡೀ ಸಿ ಡ್ರೈವೇ ಅಲ್ಲಿರುತ್ತದೆ. ಆಗ ಎಷ್ಟು ಸ್ಕ್ಯಾನ್ ಮಾಡಿದರೂ ಏನೂ ಸಿಗುವುದಿಲ್ಲ. ಆಮೇಲೆ, ಪ್ರೋಗ್ರಾಂಗಳನ್ನು ಹೊತ್ತಿಗೆ ಸರಿಯಾಗಿ ತಾನೇ ಓಡಿಸುವ ಟಾಸ್ಕ್ ಶೆಡ್ಯೂಲರ್. ಹಲವು ಆಕ್ಟಿವೇಟರ್‌ಗಳು ಕೆಎಂಎಸ್ ಅನ್ನು, ಅಂದರೆ ಕಂಪನಿಗಳ ಕಂಪ್ಯೂಟರ್‌ಗಳಿಗಾಗಿ ಇರುವ ಆಕ್ಟಿವೇಷನ್ ವಿಧಾನವನ್ನು, ನಕಲು ಮಾಡುತ್ತವೆ. ಆ ಆಕ್ಟಿವೇಷನ್ ಬಾಳುವುದು 180 ದಿನ ಮಾತ್ರ. ಅದಕ್ಕೇ ಆ ಬಗೆಯ ಟೂಲ್‌ಗಳು ಮತ್ತೆ ಮತ್ತೆ ಓಡಲು ಅಲ್ಲೊಂದು ಟಾಸ್ಕ್ ಬಿಟ್ಟಿರುತ್ತವೆ. ಅದನ್ನೂ ತೆಗೆಯಿರಿ.

ಅಪ್‌ಡೇಟ್ ನಿಂತಿರುವುದಕ್ಕೆ ಹೋಸ್ಟ್ಸ್ ಫೈಲ್ ಕಾರಣ ಇರಬಹುದು. ಯಾವ ವೆಬ್ ವಿಳಾಸಕ್ಕೆ ಎಲ್ಲಿ ಹೋಗಬೇಕು ಎಂದು ಕಂಪ್ಯೂಟರ್‌ಗೆ ಹೇಳುವ ಪಟ್ಟಿ ಅದು. ಅದು ಸಿಸ್ಟಮ್32, ಡ್ರೈವರ್ಸ್, ಇಟಿಸಿ ಫೋಲ್ಡರ್‌ನಲ್ಲಿದೆ. ಮೈಕ್ರೋಸಾಫ್ಟ್ ವಿಳಾಸಗಳ ಮುಂದೆ 0.0.0.0 ಅಥವಾ 127.0.0.1 ಇದ್ದರೆ ಆ ಸಾಲು ಅಳಿಸಿ. ಸರ್ವೀಸಸ್‌ನಲ್ಲಿ ವಿಂಡೋಸ್ ಅಪ್‌ಡೇಟ್ 'ಡಿಸೇಬಲ್ಡ್' ಆಗಿದ್ದರೆ 'ಮ್ಯಾನ್ಯುಯಲ್' ಮಾಡಿ. ಕೊನೆಗೆ ವಿಂಡೋಸ್‌ನದೇ ಆಂಟಿವೈರಸ್ ಆದ ಡಿಫೆಂಡರ್‌ನ ಆಫ್‌ಲೈನ್ ಸ್ಕ್ಯಾನ್ ಓಡಿಸಿ. ಅದು ರೀಸ್ಟಾರ್ಟ್ ಆಗಿ, ವಿಂಡೋಸ್ ಏಳುವ ಮೊದಲೇ ಹುಡುಕುತ್ತದೆ.

'ಆಕ್ಟಿವೇಟರ್ ಕಂಡರೆ ಆಂಟಿವೈರಸ್ ಸುಮ್ನೆ ಕೂಗುತ್ತದೆ' ಎನ್ನುವವರು ಇದ್ದಾರೆ. ಪಾಸ್‌ವರ್ಡ್ ಕದಿಯುವವರಿಗೆ ಬೇಕಾಗಿರುವುದೂ ಅದೇ ನಂಬಿಕೆ. ಎಚ್ಚರಿಕೆ ಬಂದರೂ ನೀವು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ ಅಂತ ಅವರಿಗೆ ಗೊತ್ತು.

ಹಾಗಾಗಿ ಮೇಲಿನದೆಲ್ಲ ಸರಿಹೋದರೂ ನಾನಾದರೆ ಆ ವಿಂಡೋಸನ್ನು ನಂಬುವುದಿಲ್ಲ, ಹೊಸದಾಗಿ ಹಾಕುತ್ತೇನೆ. ಅದಕ್ಕೂ ಮೊದಲು ಬೇರೆ ಫೋನ್‌ನಿಂದ ಮೇಲ್ ಮತ್ತು ಬ್ಯಾಂಕ್ ಪಾಸ್‌ವರ್ಡ್ ಬದಲಾಯಿಸಿ, ಎಲ್ಲ ಸಾಧನಗಳಿಂದಲೂ ಲಾಗ್ಔಟ್ ಮಾಡಿ. ನೀವು ಲಾಗಿನ್ ಆಗಿರುವುದನ್ನು ನೆನಪಿಡುವ ಬ್ರೌಸರ್ ಕುಕೀ ಕದ್ದವರಿಗೆ ಪಾಸ್‌ವರ್ಡೇ ಬೇಕಿಲ್ಲ. ಫೋಟೋ, ಡಾಕ್ಯುಮೆಂಟ್ ಮಾತ್ರ ಕಾಪಿ ಮಾಡಿಕೊಳ್ಳಿ. ಹಳೆಯ ಇನ್‌ಸ್ಟಾಲರ್‌ಗಳು ಬೇಡವೇ ಬೇಡ.

ವಿಂಡೋಸ್ ಹಾಕುವ ಪೆನ್‌ಡ್ರೈವ್ ತಯಾರಿಸುವ ಮೈಕ್ರೋಸಾಫ್ಟ್‌ನ ಮೀಡಿಯಾ ಕ್ರಿಯೇಷನ್ ಟೂಲ್‌ಗೆ ಕನಿಷ್ಠ 8 ಜಿಬಿ ಪೆನ್‌ಡ್ರೈವ್ ಬೇಕು. ಅದನ್ನು ಬೇರೆ ಕಂಪ್ಯೂಟರ್‌ನಲ್ಲಿ ತಯಾರಿಸಿ. ಕೀ ಇಲ್ಲ ಅಂತ ಚಿಂತೆ ಬೇಡ. ಆಕ್ಟಿವೇಟ್ ಆಗದ ವಿಂಡೋಸ್ ಕೂಡ ಓಡುತ್ತದೆ. ಮೂಲೆಯಲ್ಲೊಂದು ವಾಟರ್‌ಮಾರ್ಕ್ ಇರುತ್ತದೆ, ಸೆಟ್ಟಿಂಗ್ಸ್‌ನಲ್ಲಿ ವಾಲ್‌ಪೇಪರ್, ಬಣ್ಣ ಬದಲಾಯಿಸಲು ಬಿಡುವುದಿಲ್ಲ. ಕೀ ಕೊಳ್ಳುವವರೆಗೆ ಅದರಲ್ಲೇ ಕೆಲಸ ಸಾಗಿಸಬಹುದು.